ರಿಪೋರ್ಟಿನಲ್ಲಿ ‘ಸರ್ವೈಕಲ್’ ಅಂತ ಬರೆದಿದೆ: ಇದು ಕುತ್ತಿಗೆಯಾ, ಗರ್ಭಕೋಶವಾ?

ತುಂಗಾತೀರ

ಎಲ್ಲರಿಗೂ ನಮಸ್ಕಾರ. ಆತಂಕದಲ್ಲೇ ಬರೆಯುತ್ತಿದ್ದೇನೆ, ಗೊತ್ತಿರುವವರು ದಯವಿಟ್ಟು ಹೇಳಿ.

ನಮ್ಮ ಚಿಕ್ಕಮ್ಮನಿಗೆ ಎಡಗಡೆ ದವಡೆಯ ಕೆಳಗೆ ಒಂದು ಗಂಟು ಕಾಣಿಸಿಕೊಂಡಿತ್ತು. ಡಾಕ್ಟರು ಕುತ್ತಿಗೆಗೆ ಸ್ಕ್ಯಾನಿಂಗ್ ಬರೆದುಕೊಟ್ಟರು. ರಿಪೋರ್ಟ್ ಕೈಗೆ ಬಂದಿದೆ, ಆದರೆ ಡಾಕ್ಟರು ಸಿಗುವುದು ಸೋಮವಾರ. ಅದರಲ್ಲಿ ‘ಲೆಫ್ಟ್ ಸರ್ವೈಕಲ್ ಲಿಂಫ್ ನೋಡ್ಸ್, ಲೆವೆಲ್ ಟೂ’ ಅಂತಿದೆ. ಚಿಕ್ಕಪ್ಪ ‘ಸರ್ವೈಕಲ್’ ಅನ್ನುವ ಪದವನ್ನು ಫೋನಿನಲ್ಲಿ ಹುಡುಕಿದರು. ಬಂದದ್ದೆಲ್ಲ ಗರ್ಭಕಂಠದ ಕ್ಯಾನ್ಸರ್ ಬಗ್ಗೆಯೇ. ಲೆವೆಲ್ ಟೂ ಅಂದರೆ ಎರಡನೇ ಸ್ಟೇಜು ಅಂತ ತಿಳಿದುಕೊಂಡುಬಿಟ್ಟಿದ್ದಾರೆ. ನಿನ್ನೆಯಿಂದ ಮನೆಯಲ್ಲಿ ಯಾರಿಗೂ ಊಟ ಸೇರುತ್ತಿಲ್ಲ.

ಪಕ್ಕದ ಮನೆಯವರು ‘ನನಗೂ ಸರ್ವೈಕಲ್ ಇದೆ, ಕುತ್ತಿಗೆಗೆ ಪಟ್ಟಿ ಹಾಕಿಕೊಳ್ಳುತ್ತೇನೆ, ಏನೂ ಆಗಲ್ಲ’ ಅಂದರು. ಹಾಗಾದರೆ ಈ ಪದಕ್ಕೆ ನಿಜವಾದ ಅರ್ಥ ಏನು? ಕುತ್ತಿಗೆಗೂ ಗರ್ಭಕೋಶಕ್ಕೂ ಒಂದೇ ಪದ ಹೇಗೆ ಬಂತು?

ಕಿವಿಮೂಗುಗಂಟಲು

ನಾನು ಇಎನ್‌ಟಿ ಡಾಕ್ಟರ್. ಮೊದಲು ಚಿಕ್ಕಪ್ಪನಿಗೆ ಹೇಳಿ: ಇದು ಗರ್ಭಕೋಶದ ವಿಷಯವೇ ಅಲ್ಲ. ಸರ್ವೈಕಲ್ ಅಂದರೆ ‘ಕುತ್ತಿಗೆಗೆ ಸಂಬಂಧಿಸಿದ್ದು’, ಅಷ್ಟೇ. ಅದು ಕಾಯಿಲೆಯ ಹೆಸರಲ್ಲ, ಜಾಗದ ಹೆಸರು. ‘ಸರ್ವೈಕಲ್ ಲಿಂಫ್ ನೋಡ್’ ಅಂದರೆ ಕುತ್ತಿಗೆಯ ಲಿಂಫ್ ಗ್ರಂಥಿ. ಈ ಗ್ರಂಥಿಗಳು ಎಲ್ಲರ ಕುತ್ತಿಗೆಯಲ್ಲೂ ಇವೆ. ಮೈಯಲ್ಲಿರುವ ಲಿಂಫ್ ಗ್ರಂಥಿಗಳಲ್ಲಿ ಸುಮಾರು ಮೂರರಲ್ಲೊಂದು ಪಾಲು ಕುತ್ತಿಗೆಯಲ್ಲೇ ಇರುತ್ತದೆ. ಬಾಯಿ, ಮೂಗು, ಗಂಟಲಿನ ಮೂಲಕ ಒಳಗೆ ನುಗ್ಗುವ ಸೋಂಕನ್ನು ಮೊದಲು ತಡೆಯುವುದು ಇವೇ. ಅದಕ್ಕೇ ಹಲ್ಲು ಹುಳುಕಾದರೂ, ಟಾನ್ಸಿಲ್ ಊದಿದರೂ, ತಲೆಯಲ್ಲಿ ಹೇನಿನ ಗಾಯವಾದರೂ ಕುತ್ತಿಗೆಯಲ್ಲಿ ಗಂಟು ಏಳುತ್ತದೆ.

ಇನ್ನು ‘ಲೆವೆಲ್ ಟೂ’. ಇದೂ ಜಾಗದ ಹೆಸರೇ. ಕುತ್ತಿಗೆಯ ಗ್ರಂಥಿಗಳನ್ನು ಗುರುತಿಸುವುದು ಸುಲಭವಾಗಲಿ ಅಂತ ನಾವು ಕುತ್ತಿಗೆಯನ್ನು ಭಾಗ ಮಾಡಿಕೊಂಡಿದ್ದೇವೆ. ಗದ್ದ ಮತ್ತು ದವಡೆಯ ಅಡಿ ಒಂದನೇ ಲೆವೆಲ್. ಕಿವಿಯ ಕೆಳಗೆ ದವಡೆ ತಿರುಗುವ ಮೂಲೆಯಿದೆಯಲ್ಲ, ಅಲ್ಲಿನದು ಎರಡನೆಯದು. ಅದೇ ಸಾಲಿನಲ್ಲಿ ಕೆಳಗೆ ಇಳಿದರೆ ಮೂರು, ನಾಲ್ಕು. ಪಕ್ಕಕ್ಕೆ, ಹಿಂದಕ್ಕೆ ಹೋದರೆ ಐದು. ಮುಂದೆ ಥೈರಾಯ್ಡ್ ಸುತ್ತ ಆರು. ಸ್ಟೇಜಿಗೂ ಇದಕ್ಕೂ ಸಂಬಂಧವಿಲ್ಲ. ಗಂಟಲು ನೋವಿಗೆ ಸಾಮಾನ್ಯವಾಗಿ ಊದುವುದೇ ಈ ಎರಡನೇ ಲೆವೆಲಿನ ಗ್ರಂಥಿ.

ರಿಪೋರ್ಟಿನಲ್ಲಿ ಮುಂದೆ ಏನು ಬರೆದಿದೆ? ‘ರಿಯಾಕ್ಟಿವ್’ ಅಥವಾ ‘ಹೈಲಮ್’ ಅನ್ನುವ ಪದ ಇದೆಯಾ ನೋಡಿ.

ತುಂಗಾತೀರ

ಡಾಕ್ಟ್ರೇ, ಕೋಟಿ ನಮಸ್ಕಾರ. ಇದೆ. ‘ಓವಲ್, ಫ್ಯಾಟಿ ಹೈಲಮ್ ಪ್ರಿಸರ್ವ್ಡ್, ಲೈಕ್ಲಿ ರಿಯಾಕ್ಟಿವ್’ ಅಂತ ಕೊನೆಯಲ್ಲಿದೆ. ಚಿಕ್ಕಪ್ಪ ಮೊದಲ ಸಾಲಿಗೇ ನಿಂತುಬಿಟ್ಟಿದ್ದರು, ಅಷ್ಟು ದೂರ ಓದಿರಲೇ ಇಲ್ಲ.

ಕಿವಿಮೂಗುಗಂಟಲು

ಒಳ್ಳೆಯ ಲಕ್ಷಣ. ಗ್ರಂಥಿ ಉದ್ದುದ್ದ ಇದೆ, ಹೈಲಮ್ ಅನ್ನುವ ಒಳಗಿನ ರಚನೆ ಕೆಟ್ಟಿಲ್ಲ, ಯಾವುದೋ ಸೋಂಕಿಗೆ ಎದ್ದಿರುವಂತೆ ಕಾಣುತ್ತದೆ ಅನ್ನುವುದು ಇದರ ಅರ್ಥ. ಹಾಗಂತ ಸೋಮವಾರ ಹೋಗುವುದನ್ನು ಬಿಡಬೇಡಿ. ಹಲ್ಲನ್ನೂ ತೋರಿಸಿ.

ಬೆನ್ನುಹುರಿ_ಫಿಜಿಯೋ

ನಿಮ್ಮ ಪಕ್ಕದ ಮನೆಯವರ ಮಾತನ್ನು ನಾನು ದಿನಾ ಕೇಳುತ್ತೇನೆ. ‘ನನಗೆ ಸರ್ವೈಕಲ್ ಇದೆ’ ಅಂತಾರೆ. ಕುತ್ತಿಗೆ ಎಲ್ಲರಿಗೂ ಇದೆಯಲ್ಲ! ಅವರು ಹೇಳಬೇಕೆಂದಿರುವುದು ಸರ್ವೈಕಲ್ ಸ್ಪಾಂಡಿಲೋಸಿಸ್. ಕುತ್ತಿಗೆಯ ಮೂಳೆ, ಅವುಗಳ ನಡುವಿನ ಮೆತ್ತೆಯಂಥ ಡಿಸ್ಕುಗಳ ಸವೆತ. ಉದ್ದದ ಹೆಸರು ಬಾಯಿಗೆ ಬರಲ್ಲ, ಮುಂದಿನ ಅರ್ಧ ಮಾತ್ರ ಉಳಿಯುತ್ತದೆ. ಇನ್ನು ಕೆಲವರು ಹಿಂದಿನ ಅರ್ಧ ಹಿಡಿದು ‘ಸ್ಪಾಂಡಿಲೈಟಿಸ್’ ಅಂತಾರೆ. ‘ಐಟಿಸ್’ ಅಂದರೆ ಉರಿಯೂತ, ‘ಓಸಿಸ್’ ಅಂದರೆ ಇಲ್ಲಿ ಸವೆತ. ಎರಡಕ್ಕೂ ಚಿಕಿತ್ಸೆ ಬೇರೆ, ಆದ್ದರಿಂದ ಚೀಟಿಯಲ್ಲಿ ಯಾವುದು ಬರೆದಿದೆ ಅಂತ ನೋಡಿಕೊಳ್ಳುವುದು ಒಳ್ಳೆಯದು.

ಎಂಆರ್‌ಐ ರಿಪೋರ್ಟಿನಲ್ಲಿ ಸಿ5, ಸಿ6 ಅಂತ ಬರುತ್ತಲ್ಲ, ಆ ‘ಸಿ’ ಕೂಡ ಸರ್ವೈಕಲ್ಲೇ. ಕುತ್ತಿಗೆಯಲ್ಲಿ 7 ಮೂಳೆ. ತಲೆ ಮುಂದಕ್ಕೆ ಬಗ್ಗಿಸಿ ಕುತ್ತಿಗೆಯ ಹಿಂದೆ, ಅಂಗಿಯ ಕಾಲರ್ ಕೂರುವ ಹತ್ತಿರ ಕೈಯಾಡಿಸಿ. ಎದ್ದು ಕಾಣುವ ಒಂದು ಗುಬ್ಬು ಸಿಗುತ್ತದೆ. ಸಾಮಾನ್ಯವಾಗಿ ಅದು ಏಳನೆಯದು, ಸಿ7. ಅಂದ ಹಾಗೆ, ಜಿರಾಫೆಯ ಅಷ್ಟು ಉದ್ದದ ಕುತ್ತಿಗೆಯಲ್ಲೂ ಇರುವುದು 7 ಮೂಳೆಯೇ.

ಮೇಲಿನ ಎರಡು ಮೂಳೆಗಳ ಕೆಲಸ ಸೊಗಸಾಗಿದೆ. ಮೊದಲನೆಯದು ಅಟ್ಲಾಸ್, ತಲೆಬುರುಡೆಯನ್ನು ಹೊತ್ತಿರುವುದು. ಎರಡನೆಯದು ಆಕ್ಸಿಸ್. ಹೂಂ ಅಂತ ತಲೆ ಮೇಲೆ ಕೆಳಗೆ ಆಡಿಸಿದಾಗ ಕೆಲಸ ಮಾಡುವುದು ಮುಖ್ಯವಾಗಿ ಬುರುಡೆಗೂ ಅಟ್ಲಾಸಿಗೂ ನಡುವಿನ ಕೀಲು. ಊಹೂಂ ಅಂತ ಅತ್ತಿತ್ತ ತಿರುಗಿಸಿದಾಗ ಅಟ್ಲಾಸ್ ಮತ್ತು ಆಕ್ಸಿಸ್ ನಡುವಿನದು. ಈ ಎರಡು ಮೂಳೆಗಳ ಮಧ್ಯೆ ಡಿಸ್ಕೇ ಇಲ್ಲ. ಇನ್ನೊಂದು ವಿಷಯ, ಮೂಳೆ 7 ಆದರೂ ಕುತ್ತಿಗೆಯಿಂದ ಹೊರಡುವ ನರಗಳು 8 ಜೊತೆ. ‘ಸಿ8’ ಅಂತ ಕಂಡರೆ ಮೂಳೆ ಹೆಚ್ಚಾಗಿದೆ ಅಂತ ಯಾರೂ ಗಾಬರಿ ಬೀಳಬೇಡಿ.

60 ದಾಟಿದ ಬಹುತೇಕರ ಎಕ್ಸರೇಯಲ್ಲಿ ಸವೆತ ಕಂಡೇ ಕಾಣುತ್ತದೆ, ಅವರಲ್ಲಿ ಎಷ್ಟೋ ಜನಕ್ಕೆ ನೋವೇ ಇರುವುದಿಲ್ಲ. ಆದರೆ ಅಂಗಿಯ ಗುಂಡಿ ಹಾಕಲು ಬೆರಳು ತಡವರಿಸಿದರೆ, ನಡೆಯುವಾಗ ಕಾಲಿನಿಂದ ಚಪ್ಪಲಿ ಜಾರಿದ್ದು ಗೊತ್ತಾಗದಿದ್ದರೆ, ನಡಿಗೆ ತೂರಾಡಿದರೆ, ಮೂತ್ರದ ಹಿಡಿತ ತಪ್ಪಿದರೆ ತಡ ಮಾಡಬೇಡಿ. ಅದು ಬೆನ್ನುಹುರಿ ಒತ್ತಿಹೋಗುತ್ತಿರುವ ಸೂಚನೆ. ಮಸಾಜಿಗೆ ಹೋಗುವ ಹೊತ್ತಲ್ಲ ಅದು.

ನಿಘಂಟುಪ್ರೇಮಿ

ಒಂದೇ ಪದ ಎರಡು ಜಾಗಕ್ಕೆ ಹೇಗೆ ಬಂತು ಅಂತ ಕೇಳಿದ್ದೀರಿ. ಲ್ಯಾಟಿನ್ ಭಾಷೆಯಲ್ಲಿ ‘ಸರ್ವಿಕ್ಸ್’ ಅಂದರೆ ಕುತ್ತಿಗೆ, ಅದರಲ್ಲೂ ಹಿಂಗತ್ತು. ಹಳೆಯ ವೈದ್ಯರು ಗರ್ಭಕೋಶದ ಕೆಳಗಿನ ಕಿರಿದಾದ ಭಾಗ ನೋಡಿ ‘ಗರ್ಭಕೋಶದ ಕುತ್ತಿಗೆ’ ಅಂದರು. ಕಾಲ ಹೋದಂತೆ ‘ಗರ್ಭಕೋಶದ’ ಅನ್ನುವುದು ಉದುರಿಹೋಗಿ ಬರೀ ‘ಸರ್ವಿಕ್ಸ್’ ಉಳಿಯಿತು. ಈಗಿನ ಇಂಗ್ಲಿಷಿನಲ್ಲಿ ಸರ್ವಿಕ್ಸ್ ಅಂದರೆ ಜನಕ್ಕೆ ಹೊಳೆಯುವುದು ಗರ್ಭಕೋಶದ ಕುತ್ತಿಗೆ ಮಾತ್ರ. ಆದರೆ ‘ಸರ್ವೈಕಲ್’ ಎರಡೂ ಕಡೆ ಓಡಾಡುತ್ತಿದೆ. ಹಾಗಾಗಿ ಈ ಗೊಂದಲ ಕನ್ನಡಿಗರದ್ದು ಮಾತ್ರ ಅಲ್ಲ, ಇಂಗ್ಲಿಷ್ ಮನೆಮಾತಾದವರಿಗೂ ಇದೆ.

ಕುತ್ತಿಗೆಗೆ ಲ್ಯಾಟಿನ್‌ನಲ್ಲಿ ಇನ್ನೊಂದು ಪದ ‘ಕೊಲ್ಲುಂ’. ಅಂಗಿಯ ‘ಕಾಲರ್’ ಬಂದದ್ದು ಅದರಿಂದ. ಪಕ್ಕದ ಮನೆಯವರು ಹಾಕಿಕೊಳ್ಳುವ ಸರ್ವೈಕಲ್ ಕಾಲರಿನಲ್ಲಿ ಕುತ್ತಿಗೆ ಎರಡು ಸಲ ಇದೆ!

ನಮ್ಮ ಕತ್ತಿನ ಕತೆಯೂ ಚೆನ್ನಾಗಿದೆ. ಹಳಗನ್ನಡದಲ್ಲಿ ಅದು ‘ಕೞ್ತು’. ತಮಿಳಿನಲ್ಲಿ ಈಗಲೂ ‘ಕೞುತ್ತು’. ಆ ೞಕಾರ ಕನ್ನಡದಲ್ಲಿ ಬಿದ್ದುಹೋಗಿ, ತಕಾರ ಗಟ್ಟಿಯಾಗಿ ‘ಕತ್ತು’ ಆಯಿತು. ‘ಕೞ್ತೆ’ ಇದ್ದದ್ದು ‘ಕತ್ತೆ’ ಆದದ್ದೂ ಇದೇ ದಾರಿಯಲ್ಲಿ. ‘ಕೊರಳು’ ತಮಿಳಿನ ‘ಕುರಲ್’ಗೆ ನೆಂಟ. ಅಲ್ಲಿ ಅದಕ್ಕೆ ದನಿ ಅನ್ನುವ ಅರ್ಥ. ನಾವೂ ‘ಒಳ್ಳೆ ಕೊರಳು’ ಅಂದರೆ ಹಾಡುವ ದನಿಯನ್ನೇ ಹೇಳುವುದು, ಅಲ್ವಾ?

ಧಾರವಾಡದಂವ

ಕನ್ನಡದಾಗ ಪದಕ್ಕೇನು ಬರ ಇಲ್ರೀ. ಮುಂದಿನಿಂದ ನೋಡಿದರೆ ಕೊರಳು, ಒಳಗೆ ಗಂಟಲು, ಒಟ್ಟು ಸೇರಿ ಕುತ್ತಿಗೆ, ಅಲ್ಲಾಡುವಾಗ ಗೋಣು, ಹಿಂದೆ ಹೆಡಕು. ಹಾರ ಕೊರಳಿಗೇ ಬೀಳುತ್ತದೆ, ಗಂಟಲಿಗೆ ಹಾರ ಹಾಕಿದರು ಅಂತ ಯಾರೂ ಅನ್ನುವುದಿಲ್ಲ. ತುತ್ತು ಸಿಕ್ಕಿಕೊಳ್ಳುವುದು ಗಂಟಲಲ್ಲಿ, ಕೊರಳಲ್ಲಿ ಅಲ್ಲ. ಹೂಂ ಅನ್ನಲು ಗೋಣು ಹಾಕುತ್ತೇವೆ. ಕೊಟ್ಟ ಸಾಲ ವಾಪಸು ಕೇಳಲು ಬಂದವರು ಹಿಡಿಯುವುದು ಕುತ್ತಿಗೆ ಪಟ್ಟಿ.

ನಮ್ಮ ಅಜ್ಜಿ ಬಿಸಿಲಿಗೆ ಹೋಗಿ ಬಂದರೆ ‘ಹೆಡಕು ಹಿಡದೈತಿ’ ಅಂತಿದ್ದಳು. ಎರಡೇ ಪದದಲ್ಲಿ ಎಲ್ಲಿ ನೋವು ಅಂತ ತೋರಿಸಿಬಿಡುತ್ತಿದ್ದಳು. ಈಗ ಮೊಮ್ಮಕ್ಕಳು ‘ಸರ್ವೈಕಲ್ ಪೇನ್’ ಅಂತಾರೆ. ಡಾಕ್ಟರ ಮುಂದೆ ಕುಂತು ‘ಗೋಣು ತಿರುಗಿಸಿದರೆ ಹೆಡಕಿನಿಂದ ತೋಳಿಗೆ ಸೆಳೀತದ’ ಅಂತ ಹೇಳಿ ನೋಡಿ, ಅವರಿಗೂ ಅದೇ ಜಾಸ್ತಿ ಉಪಯೋಗ.

ಬೆನ್ನುಹುರಿ_ಫಿಜಿಯೋ

ನೂರಕ್ಕೆ ನೂರು ನಿಜ ಸಾರ್. ಎಲ್ಲಿ ಶುರುವಾಗಿ ಎಲ್ಲಿಗೆ ಹರಿಯುತ್ತದೆ ಅಂತ ಹೇಳಿದರೆ ಯಾವ ನರ ಅಂತ ಅರ್ಧ ಗೊತ್ತಾಗಿಬಿಡುತ್ತದೆ. ಹೆಬ್ಬೆರಳಿನ ಕಡೆ ಜೋಮು ಬಂದರೆ ಸಿ6 ಇರಬಹುದು, ನಡುಬೆರಳಾದರೆ ಸಿ7, ಕಿರುಬೆರಳಾದರೆ ಸಿ8. ‘ಸರ್ವೈಕಲ್ ಪೇನ್’ ಅಂದುಬಿಟ್ಟರೆ ನಾನು ಮತ್ತೆ ಮೊದಲಿಂದ ಕೇಳಬೇಕು.

ಮಲೆನಾಡ_ಓದುಗಿ

ನಮ್ಮ ಕಡೆ ‘ಹೆಕ್ಕತ್ತು’ ಅಂತಾರೆ. ಹೊರೆ ಹೊತ್ತು ಹೆಕ್ಕತ್ತು ನೋವು ಅಂತ ಈಗಲೂ ಕೇಳಿಬರುತ್ತದೆ. ಹೆಡಕು, ಹೆಕ್ಕತ್ತು ಎರಡೂ ಒಂದೇ ಮೂಲದ್ದಾ?

ನಿಘಂಟುಪ್ರೇಮಿ

ಹೆಡಕು, ಹೆಡತಲೆ ಎರಡರಲ್ಲೂ ಇರುವುದು ಹಳಗನ್ನಡದ ‘ಪೆಡ’. ಹಿಂದಿನ ಭಾಗ ಅಂತ ಅರ್ಥ. ಪೆಡತಲೆ ಅಂದರೆ ಹಿಂದಲೆ. ಕೈ ಹಿಂದಕ್ಕೆ ತಿರುಚಿ ಕಟ್ಟುವುದಕ್ಕೆ ಹೆಡಮುರಿ ಕಟ್ಟುವುದು ಅಂತಾರೆ. ಪತ್ರಿಕೆಗಳಲ್ಲಿ ‘ಹೆಡೆಮುರಿ ಕಟ್ಟಿದ ಪೊಲೀಸರು’ ಅಂತ ಬರುತ್ತಲ್ಲ, ಅದು ಇದೇ. ಹಾವಿನ ಹೆಡೆಗೂ ಅದಕ್ಕೂ ಸಂಬಂಧವಿಲ್ಲ. ತೆಲುಗಿನಲ್ಲಿ ಪೆಡತಲ, ತಮಿಳಿನಲ್ಲಿ ಹೆಡಕಿಗೆ ಪಿಡರಿ. ಹೆಕ್ಕತ್ತಿನ ‘ಕತ್ತು’ ಕಣ್ಣಿಗೇ ಕಾಣುತ್ತಿದೆ.

ಐದುತಿಂಗಳು

ನಡುವೆ ಬಾಯಿ ಹಾಕುತ್ತಿದ್ದೇನೆ, ಬೇಜಾರಾಗಬೇಡಿ. ನಾನು ಬಸುರಿ. ನನ್ನ ಮೊದಲ ಸ್ಕ್ಯಾನಿನಲ್ಲಿ ‘ನ್ಯೂಕಲ್’ ಅಂತ ಇತ್ತು. ಈಗಿನದರಲ್ಲಿ ‘ಸರ್ವೈಕಲ್ ಲೆಂತ್ 3.6 ಸೆಂಟಿಮೀಟರ್’, ‘ಸೆಫಾಲಿಕ್’ ಅಂತೆಲ್ಲ ಇದೆ. ಇದರಲ್ಲಿ ಯಾವುದು ನನ್ನದು, ಯಾವುದು ಮಗುವಿನದು?

ಕರಾವಳಿ_ನರ್ಸ್

ಒಳ್ಳೆ ಪ್ರಶ್ನೆ ಕೇಳಿದಿರಿ ತಂಗಿ. ನಾನು ಹೆರಿಗೆ ವಾರ್ಡಿನಲ್ಲಿ ತುಂಬಾ ವರ್ಷ ಇದ್ದವಳು.

ಸರ್ವೈಕಲ್ ಲೆಂತ್ ನಿಮ್ಮದು. ಗರ್ಭಕೋಶದ ಕೊರಳಿನ ಉದ್ದ. ಅದು ಹೆರಿಗೆಯವರೆಗೆ ಮುಚ್ಚಿಕೊಂಡಿರಬೇಕು. ಐದನೇ ತಿಂಗಳ ಹೊತ್ತಿಗೆ 2.5 ಸೆಂಟಿಮೀಟರಿಗಿಂತ ಗಿಡ್ಡವಾಗಿದ್ದರೆ ಅವಧಿಗೆ ಮೊದಲೇ ಹೆರಿಗೆಯಾಗುವ ಭಯ ಜಾಸ್ತಿ, ಅದಕ್ಕೇ ಅಳೆಯುವುದು. ನಿಮ್ಮದು ಚೆನ್ನಾಗಿದೆ.

‘ನ್ಯೂಕಲ್’ ಮಗುವಿನದು. ಎಲ್ಲರೂ ಎನ್‌ಟಿ ಸ್ಕ್ಯಾನ್ ಅನ್ನುತ್ತಾರಲ್ಲ, ಅದರ ‘ಎನ್’ ಇದೇ. ಮಗುವಿನ ಹೆಡಕಿನ ಚರ್ಮದ ಅಡಿ ಇರುವ ನೀರಿನ ದಪ್ಪ ಅಳೆಯುತ್ತಾರೆ. 11 ವಾರದಿಂದ 14 ವಾರ ತುಂಬುವುದರೊಳಗೆ ಮಾಡಬೇಕು, ಆಮೇಲೆ ಆ ಅಳತೆಗೆ ಬೆಲೆ ಇಲ್ಲ. ಹೊಕ್ಕುಳಬಳ್ಳಿ ಮಗುವಿನ ಕುತ್ತಿಗೆಗೆ ಸುತ್ತಿಕೊಂಡರೆ ‘ನ್ಯೂಕಲ್ ಕಾರ್ಡ್’ ಅಂತ ಬರೆಯುತ್ತಾರೆ. ಇದು ಬಹಳ ಮಕ್ಕಳಲ್ಲಿ ಕಾಣುತ್ತದೆ, ಹೆಚ್ಚಿನವರಿಗೆ ಏನೂ ತೊಂದರೆ ಆಗುವುದಿಲ್ಲ.

‘ಸೆಫಾಲಿಕ್’ ಅಂದರೆ ತಲೆಯದ್ದು. ಮಗುವಿನ ತಲೆ ಕೆಳಗಿದೆ ಅಂತ. ಐದು ತಿಂಗಳಿಗೆ ಮಗು ಇನ್ನೂ ತಿರುಗುತ್ತಲೇ ಇರುತ್ತದೆ, ಈಗ ಹೇಗಿದ್ದರೂ ಚಿಂತೆ ಬೇಡ.

ನಿಘಂಟುಪ್ರೇಮಿ

ಒಂದೇ ರಿಪೋರ್ಟಿನಲ್ಲಿ ತಾಯಿಯ ‘ಕುತ್ತಿಗೆ’ಯೂ ಮಗುವಿನ ಕುತ್ತಿಗೆಯೂ ಬರುವುದರಿಂದಲೇ ಬೇರೆ ಬೇರೆ ಪದ ಬೇಕಾಯಿತೇನೋ ಅನ್ನಿಸುವಷ್ಟು ಚೆನ್ನಾಗಿ ಹೊಂದಿಕೊಂಡಿದೆ! ನ್ಯೂಕಲ್ ಪದದ ಮೂಲ ಅರಬ್ಬಿ. ‘ನುಖಾ’ ಅಂದರೆ ಅಲ್ಲಿ ಬೆನ್ನುಹುರಿ. ಅರಬ್ಬಿ ವೈದ್ಯಗ್ರಂಥಗಳು ಲ್ಯಾಟಿನ್‌ಗೆ ಬಂದಾಗ ಪದವೂ ಬಂದು, ಮೆಲ್ಲಗೆ ಹೆಡಕಿಗೆ ಅಂಟಿಕೊಂಡಿತು.

ಹಲ್ಲುನೋವು_ಡಾಕ್ಟರ್

ನಮ್ಮನ್ನು ಮರೆಯಬೇಡಿ. ಹಲ್ಲಿಗೂ ಕುತ್ತಿಗೆ ಇದೆ. ಹಲ್ಲು ವಸಡಿನೊಳಗೆ ಇಳಿಯುವ ಜಾಗ. ಗಟ್ಟಿ ಬ್ರಷ್ ಹಿಡಿದು ಅಡ್ಡಡ್ಡ ಉಜ್ಜುವವರಿಗೆ ಅಲ್ಲಿ ಕಚ್ಚು ಬೀಳುತ್ತದೆ, ತಣ್ಣೀರು ತಾಗಿದರೆ ಝುಂ ಅನ್ನುತ್ತದೆ. ಅದನ್ನು ನಾವು ‘ಸರ್ವೈಕಲ್ ಅಬ್ರೇಷನ್’ ಅಂತ ಬರೆಯುತ್ತೇವೆ. ಒಬ್ಬ ತಾಯಿ ಆ ಚೀಟಿ ಹಿಡಿದು ಅಳುತ್ತಾ ವಾಪಸು ಬಂದಿದ್ದರು. ಅಂದಿನಿಂದ ಚೀಟಿಯಲ್ಲಿ ಪಕ್ಕಕ್ಕೆ ‘ಹಲ್ಲಿನ ಬುಡದ ಸವೆತ’ ಅಂತ ಕನ್ನಡದಲ್ಲೂ ಬರೆಯುತ್ತೇನೆ. ಅರ್ಧ ನಿಮಿಷದ ಕೆಲಸ.

ಲ್ಯಾಬ್_ಟೇಬಲ್

ಸ್ಕ್ಯಾನಿಂಗ್ ಸೆಂಟರಿನಲ್ಲಿ ರಿಪೋರ್ಟ್ ಟೈಪ್ ಮಾಡುವುದು ನನ್ನ ಕೆಲಸ. ಓದುವವರಿಗೆ ಒಂದು ಮಾತು. ಮೊದಲು ಮೇಲಿನ ದಪ್ಪಕ್ಷರದ ತಲೆಬರಹ ನೋಡಿ. ‘ಅಲ್ಟ್ರಾಸೌಂಡ್ ನೆಕ್’ ಅಂತಿದ್ದರೆ ಒಳಗಿನ ಸರ್ವೈಕಲ್ ಎಲ್ಲ ಕುತ್ತಿಗೆಯದ್ದು. ‘ಪೆಲ್ವಿಸ್’ ಅಂತಿದ್ದರೆ ಗರ್ಭಕೋಶದ್ದು. ‘ಸ್ಪೈನ್’ ಅಂತಿದ್ದರೆ ಮೂಳೆ. ಆಮೇಲೆ ಕೊನೆಯ ‘ಇಂಪ್ರೆಷನ್’ಗೆ, ಅಂದರೆ ಒಟ್ಟು ಅಭಿಪ್ರಾಯಕ್ಕೆ ಬನ್ನಿ. ನಡುವಿನದೆಲ್ಲ ಅಳತೆ, ಅದನ್ನು ಡಾಕ್ಟರಿಗೆ ಬಿಡಿ. ಒಂದೊಂದೇ ಪದ ಕಿತ್ತು ಫೋನಿನಲ್ಲಿ ಹಾಕಿದರೆ ಫೋನಿಗೆ ನಿಮ್ಮ ತಲೆಬರಹ ಗೊತ್ತಿರುವುದಿಲ್ಲ. ಜನ ಹೆಚ್ಚು ಹುಡುಕುವ ಅರ್ಥವನ್ನೇ ಅದು ಮುಂದಿಡುತ್ತದೆ.

ತುಂಗಾತೀರ

ಇದನ್ನು ಓದಿ ಹೇಳಿದ ಮೇಲೆ ಚಿಕ್ಕಪ್ಪ ಕೂತು ರಿಪೋರ್ಟನ್ನು ಮೊದಲಿಂದ ಓದಿದರು. ಅವರದ್ದೇ ಇನ್ನೊಂದು ಪ್ರಶ್ನೆ: ಚೀಟಿಯಲ್ಲಿ ‘ಹೆಡ್ ಅಂಡ್ ನೆಕ್’ ವಿಭಾಗಕ್ಕೆ ತೋರಿಸಿ ಅಂತ ಬರೆದಿದ್ದಾರೆ. ತಲೆ ಅಂದರೆ ಮೆದುಳಾ? ಗಂಟು ಇರುವುದು ದವಡೆ ಕೆಳಗೆ ತಾನೇ?

ಕಿವಿಮೂಗುಗಂಟಲು

ಈ ‘ತಲೆ’ ಕೂಡ ಬಹಳ ಜನಕ್ಕೆ ದಿಗಿಲು ಹುಟ್ಟಿಸುತ್ತದೆ. ‘ಹೆಡ್ ಅಂಡ್ ನೆಕ್’ ಅನ್ನುವುದು ನಮ್ಮಲ್ಲಿ ಒಂದೇ ಜೋಡಿಪದ. ಬಾಯಿ, ನಾಲಿಗೆ, ಕೆನ್ನೆಯ ಒಳಮೈ, ಮೂಗು ಮತ್ತು ಅದರ ಸುತ್ತಲಿನ ಗಾಳಿಗೂಡು, ಗಂಟಲು, ಧ್ವನಿಪೆಟ್ಟಿಗೆ, ಜೊಲ್ಲಿನ ಗ್ರಂಥಿ ಇವೆಲ್ಲ ಅದರಲ್ಲಿ ಬರುತ್ತವೆ. ಶಸ್ತ್ರಚಿಕಿತ್ಸಕರು ಥೈರಾಯ್ಡನ್ನೂ ಸೇರಿಸಿಕೊಳ್ಳುತ್ತಾರೆ. ಮೆದುಳು ಬರುವುದಿಲ್ಲ, ಅದು ನರಶಸ್ತ್ರಚಿಕಿತ್ಸಕರದ್ದು. ಕಣ್ಣುಗುಡ್ಡೆ ಕಣ್ಣಿನವರದ್ದು. ತಲೆ ಅಂದರೂ ಹೆಚ್ಚಾಗಿ ನೋಡುವುದು ಮುಖದ ಒಳಭಾಗವನ್ನು.

ಅಂದರೆ ಕುತ್ತಿಗೆಯ ಗಂಟು ಯಾಕೆ ಎದ್ದಿತು ಅಂತ ತಿಳಿಯಲು ಬಾಯಿ, ಗಂಟಲು, ಮೂಗು ಎಲ್ಲ ಪರೀಕ್ಷೆ ಮಾಡುವವರ ಹತ್ತಿರ ಕಳಿಸಿದ್ದಾರೆ, ಅಷ್ಟೇ. ಸರಿಯಾದ ಜಾಗಕ್ಕೇ ಕಳಿಸಿದ್ದಾರೆ.

ಇಲ್ಲಿ ಒಂದು ಮಾತು ಗಟ್ಟಿಯಾಗಿ ಹೇಳಬೇಕು. ಪದ ನೋಡಿ ಹೆದರಬೇಡಿ ಅಂದೆ, ಗಂಟು ನೋಡಿ ಸುಮ್ಮನಿರಿ ಅನ್ನಲಿಲ್ಲ. ಎರಡು ಮೂರು ವಾರವಾದರೂ ಇಳಿಯದ ಗಂಟು, ದಿನದಿನಕ್ಕೆ ಬೆಳೆಯುವ ಗಂಟು, ಮುಟ್ಟಿದರೆ ಕಲ್ಲಿನಂತೆ ಗಟ್ಟಿಯಾಗಿ ಅಲ್ಲಾಡದ ಗಂಟು ಇದ್ದರೆ ತೋರಿಸಲೇಬೇಕು. ಜೊತೆಗೆ ದನಿ ಒಡೆದು ಸರಿಹೋಗದಿದ್ದರೆ, ನುಂಗಲು ಕಷ್ಟವಾದರೆ, ಬಾಯಲ್ಲಿ ಮಾಯದ ಹುಣ್ಣಿದ್ದರೆ ಇನ್ನೂ ಬೇಗ. ನಮ್ಮಲ್ಲಿ ಕುತ್ತಿಗೆ ಗಂಟಿಗೆ ಕ್ಷಯರೋಗವೂ ಒಂದು ಮುಖ್ಯ ಕಾರಣ. ಹಳಬರು ಅದನ್ನು ಗಂಡಮಾಲೆ ಅಂತ ಕರೆಯುತ್ತಿದ್ದರು, ಗಂಟುಗಳು ಮಾಲೆಯಂತೆ ಸಾಲಾಗಿ ಏಳುತ್ತವೆ ಅಂತ. ಔಷಧಿ ಪೂರ್ತಿ ತೆಗೆದುಕೊಂಡರೆ ಅದು ವಾಸಿಯಾಗುತ್ತದೆ. ಸೂಜಿ ಪರೀಕ್ಷೆ ಮಾಡೋಣ ಅಂತ ಡಾಕ್ಟರು ಹೇಳಿದರೆ ‘ಚುಚ್ಚಿದರೆ ಹರಡುತ್ತೆ’ ಅನ್ನುವ ಮಾತು ಕೇಳಿ ಹಿಂದೆ ಸರಿಯಬೇಡಿ.

ಗುಟ್ಕಾ, ಹೊಗೆಸೊಪ್ಪು, ಬೀಡಿ ಅಭ್ಯಾಸ ಇರುವವರು ಇನ್ನೂ ಎಚ್ಚರವಾಗಿರಬೇಕು. ಬರೀ ಅಡಿಕೆಯಾದರೂ ಸರಿ. ಅಡಿಕೆಯೇ ಕ್ಯಾನ್ಸರ್‌ಕಾರಕ ಅಂತ ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಸಂಸ್ಥೆ ಎರಡು ದಶಕದ ಹಿಂದೆಯೇ ಹೇಳಿದೆ.

ಮಲೆನಾಡ_ಓದುಗಿ

ಅಡಿಕೆಯ ಮಾತು ನಮ್ಮೂರಲ್ಲಿ ಹೇಳುವುದು ಕಷ್ಟ ಡಾಕ್ಟ್ರೇ, ಆದರೂ ಹೇಳಿದ್ದು ಒಳ್ಳೆಯದಾಯಿತು. ನನ್ನ ಪ್ರಶ್ನೆ ಬೇರೆ. ಎಚ್‌ಪಿವಿ ವೈರಸ್ ಗಂಟಲಿಗೂ ಬರುತ್ತದೆ ಅಂತ ಓದಿದ್ದೆ. ಹಾಗಾದರೆ ಎರಡು ಸರ್ವೈಕಲ್‌ಗೂ ಏನೋ ನಂಟು ಇದೆಯಲ್ಲ?

ಕಿವಿಮೂಗುಗಂಟಲು

ಇದೆ, ಆದರೆ ಹೆಸರಿನ ನಂಟಲ್ಲ. ಗರ್ಭಕೊರಳಿನ ಕ್ಯಾನ್ಸರಿಗೆ ಬಹುತೇಕ ಎಲ್ಲ ಸಲ ಕಾರಣ ಎಚ್‌ಪಿವಿ. ಅದನ್ನು ತೋರಿಸಿಕೊಟ್ಟ ಜರ್ಮನಿಯ ಹೆರಾಲ್ಡ್ ಸುರ್ ಹೌಸೆನ್ ಅವರಿಗೆ 2008ರಲ್ಲಿ ನೊಬೆಲ್ ಬಂತು. ಅದೇ ವೈರಸ್ಸಿನ 16ನೇ ತಳಿ ಟಾನ್ಸಿಲ್ ಮತ್ತು ನಾಲಿಗೆಯ ಬುಡದಲ್ಲೂ ಕ್ಯಾನ್ಸರ್ ತರಬಲ್ಲದು. ನಮ್ಮ ಕಡೆ ಬಾಯಿ, ಗಂಟಲಿನ ಕ್ಯಾನ್ಸರಿಗೆ ಇವತ್ತಿಗೂ ದೊಡ್ಡ ಕಾರಣ ತಂಬಾಕು. ಒಂದು ಜಾಗದ ಕಾಯಿಲೆ ಇದ್ದರೆ ಇನ್ನೊಂದು ಜಾಗದ್ದೂ ಇರುತ್ತದೆ ಅಂತ ತಿಳಿಯಬೇಡಿ.

ಕರಾವಳಿ_ನರ್ಸ್

ನನಗೆ ಇದೆಲ್ಲಕ್ಕಿಂತ ಹೆಚ್ಚು ನೋವು ಕೊಡುವುದು ಉಲ್ಟಾ ಗೊಂದಲ. ಈಗ ನಾನು ಊರೂರಿನ ತಪಾಸಣಾ ಶಿಬಿರಗಳಿಗೆ ಹೋಗುತ್ತೇನೆ. 30 ದಾಟಿದ ಹೆಂಗಸರು ಗರ್ಭಕೊರಳಿನ ತಪಾಸಣೆಗೆ ಬರಬೇಕು ಅಂತ ಸರ್ಕಾರದ ಕಾರ್ಯಕ್ರಮವೇ ಇದೆ, 65ರವರೆಗೆ, ಐದು ವರ್ಷಕ್ಕೊಮ್ಮೆ. ಬ್ಯಾನರಿನಲ್ಲಿ ‘ಸರ್ವೈಕಲ್ ಕ್ಯಾನ್ಸರ್ ತಪಾಸಣೆ’ ಅಂತ ಬರೆದಿತ್ತು. ಒಬ್ಬ ಅಮ್ಮ ದೂರದಿಂದಲೇ ಓದಿ, ‘ನನಗೆ ಕುತ್ತಿಗೆ ನೋವಿಲ್ಲ ಮಗಾ’ ಅಂತ ಹೇಳಿ ಹೊರಟೇಬಿಟ್ಟರು. ಓಡಿ ಹೋಗಿ ಕರೆತಂದೆ.

ಆ ಪರೀಕ್ಷೆ ಕೆಲವೇ ನಿಮಿಷದ್ದು. ವಿನೆಗರಿನಲ್ಲಿರುವಂಥದೇ ಆಮ್ಲವನ್ನು ತೆಳ್ಳಗೆ ಮಾಡಿ ಗರ್ಭಕೋಶದ ಬಾಯಿಗೆ ಹಚ್ಚಿ ಒಂದು ನಿಮಿಷ ಕಾಯುತ್ತೇವೆ. ಬದಲಾದ ಜಾಗ ಇದ್ದರೆ ಬೆಳ್ಳಗೆ ಕಾಣುತ್ತದೆ. ಕ್ಯಾನ್ಸರ್ ಆಗುವ ಎಷ್ಟೋ ವರ್ಷ ಮೊದಲೇ ಹಿಡಿಯಬಹುದು. ಇಂಥ ಪರೀಕ್ಷೆ ಒಂದು ಅರ್ಥವಾಗದ ಪದದಿಂದ ತಪ್ಪಿಹೋಗಬಾರದು. 9ರಿಂದ 14 ವರ್ಷದ ಹೆಣ್ಣುಮಕ್ಕಳಿಗೆ ಲಸಿಕೆ ಇದೆ ಅಂತ ಹೇಳುವಾಗಲೂ ಇದೇ ತೊಡಕು.

ನಿಘಂಟುಪ್ರೇಮಿ

‘ಗರ್ಭಕಂಠ’ ಅಂತ ಪತ್ರಿಕೆಗಳು ಬರೆಯುತ್ತಲೇ ಇವೆಯಲ್ಲ? ಕಂಠ ನಮಗೆ ಹೊಸದಲ್ಲ. ಬಿಂದಿಗೆಗೆ ಕಂಠ ಇದೆ, ಕಂಠದವರೆಗೆ ನೀರು ತುಂಬು ಅಂತೀವಿ. ಗರ್ಭಕೋಶಕ್ಕೆ ಆ ಆಕಾರ ಹೊಂದುತ್ತದೆ ಕೂಡ.

ಧಾರವಾಡದಂವ

ಬಿಂದಿಗೆಗೆ ಸರಿ. ಆದರೆ ಮನುಷ್ಯರ ಮೈಯಲ್ಲಿ ಕಂಠ ಅಂದ ತಕ್ಷಣ ಹಾಡು ನೆನಪಾಗುತ್ತದೆ ಹೊರತು ಹೊಟ್ಟೆ ಅಲ್ಲ. ‘ಗರ್ಭಕೊರಳು’ ಬಾಯಿಗೂ ಹಗುರ, ಕಿವಿಗೂ ಇಂಪು.

ಕರಾವಳಿ_ನರ್ಸ್

ನೀವಿಬ್ಬರೂ ಸಿಟ್ಟಾಗಬೇಡಿ. ನಾನು ಮಾತಾಡುವ ಹೆಂಗಸರು ಇವೆರಡನ್ನೂ ಹೇಳುವುದಿಲ್ಲ. ಅವರು ಹೇಳುವುದು ‘ಗರ್ಭಕೋಶದ ಬಾಯಿ’. ಹೆರಿಗೆ ಕೋಣೆಯಲ್ಲೂ ‘ಬಾಯಿ ಎಷ್ಟು ತೆರೆದಿದೆ’ ಅಂತಲೇ ಕೇಳುವುದು. ಹೆತ್ತ ಪ್ರತಿ ಹೆಂಗಸಿಗೂ ಆ ಮಾತು ಗೊತ್ತು. ಅದು ಇರುವಾಗ ಬೇರೆ ಪದ ಕಲಿಸುವುದಕ್ಕೆ ಅವರನ್ನು ಬಿಸಿಲಲ್ಲಿ ನಿಲ್ಲಿಸುವುದು ನನಗೆ ಇಷ್ಟವಿಲ್ಲ.

ಕಿವಿಮೂಗುಗಂಟಲು

ನರ್ಸಕ್ಕನ ಮಾತಿಗೆ ನನ್ನ ಓಟು. ಪಾಠದಲ್ಲಿ, ಪತ್ರಿಕೆಯಲ್ಲಿ ಗರ್ಭಕೊರಳು, ಗರ್ಭಕಂಠ ಯಾವುದಾದರೂ ಇರಲಿ. ಶಿಬಿರದಲ್ಲಿ ಗರ್ಭಕೋಶದ ಬಾಯಿಯೇ ಸರಿ. ಶರೀರಶಾಸ್ತ್ರದ ಲೆಕ್ಕದಲ್ಲಿ ಬಾಯಿ ಅಂದರೆ ಕೊರಳಿನ ತುದಿಯ ತೆರಪು ಮಾತ್ರ. ಆದರೆ ಪರೀಕ್ಷೆ ಮಾಡುವುದು ಅದರ ಸುತ್ತಲನ್ನೇ, ಹಾಗಾಗಿ ತಪ್ಪು ಹೇಳಿದಂತೆ ಆಗುವುದಿಲ್ಲ.

ನಿಘಂಟುಪ್ರೇಮಿ

ಒಪ್ಪಿದೆ. ಆದರೆ ಬ್ಯಾನರಿನಿಂದ ‘ಸರ್ವೈಕಲ್’ ಪೂರ್ತಿ ತೆಗೆಯಬೇಡಿ. ಮುಂದೆ ರಿಪೋರ್ಟಿನಲ್ಲಿ, ಲಸಿಕೆ ಕಾರ್ಡಿನಲ್ಲಿ ಅವರಿಗೆ ಎದುರಾಗುವುದು ಆ ಪದವೇ. ದೊಡ್ಡಕ್ಷರದಲ್ಲಿ ಕನ್ನಡ, ಅಡಿಯಲ್ಲಿ ಸಣ್ಣಕ್ಷರದಲ್ಲಿ ಅದು.

ಕರಾವಳಿ_ನರ್ಸ್

ಹಾಗೇ ಮಾಡಿಸುತ್ತೇನೆ. ‘ಗರ್ಭಕೋಶದ ಬಾಯಿಯ ಕ್ಯಾನ್ಸರ್ ತಪಾಸಣೆ, 30 ದಾಟಿದ ಎಲ್ಲ ಹೆಂಗಸರಿಗೆ, ನೋವಿಲ್ಲದಿದ್ದರೂ ಬನ್ನಿ.’ ಕೆಳಗೆ ‘ಸರ್ವೈಕಲ್’. ನೋವಿಲ್ಲದಿದ್ದರೂ ಅನ್ನುವುದು ಇರಲೇಬೇಕು. ಶುರುವಿನಲ್ಲಿ ಈ ಕಾಯಿಲೆಗೆ ನೋವೇ ಇರುವುದಿಲ್ಲ.

ಬೆನ್ನುಹುರಿ_ಫಿಜಿಯೋ

ನನ್ನ ಕ್ಲಿನಿಕ್ಕಿನ ಬೋರ್ಡಿಗೂ ಒಂದು ಹೇಳಿ. ಈಗ ‘ಸರ್ವೈಕಲ್ ಚಿಕಿತ್ಸೆ’ ಅಂತಿದೆ. ‘ಕುತ್ತಿಗೆ ಮೂಳೆ ಸವೆತ, ಹೆಡಕು ನೋವು’ ಅಂತ ಬರೆಸಿದರೆ ಬೆಂಗಳೂರಿನಲ್ಲಿ ಹೆಡಕು ಅರ್ಥವಾಗುತ್ತಾ?

ಧಾರವಾಡದಂವ

ಬರೆಸಿರಿ. ಗೊತ್ತಿಲ್ಲದವರು ಒಳಗೆ ಬಂದು ಕೇಳುತ್ತಾರೆ, ನೀವು ಕೈಯಿಟ್ಟು ತೋರಿಸಿ.

ತುಂಗಾತೀರ

ಎಲ್ಲರಿಗೂ ಧನ್ಯವಾದ. ಸೋಮವಾರಕ್ಕೆ ಹಲ್ಲಿನ ಡಾಕ್ಟರ ಹತ್ತಿರವೂ ಸಮಯ ತೆಗೆದುಕೊಂಡಿದ್ದೇವೆ. ಚಿಕ್ಕಮ್ಮನಿಗೆ 52, ಗರ್ಭಕೋಶದ ಬಾಯಿಯ ಪರೀಕ್ಷೆ ಯಾವತ್ತೂ ಮಾಡಿಸಿಲ್ಲವಂತೆ. ಅದಕ್ಕೆ ಎಲ್ಲಿ ಹೋಗಬೇಕು ನರ್ಸಕ್ಕಾ, ತಾಲೂಕು ಆಸ್ಪತ್ರೆಯಲ್ಲಿ ಆಗುತ್ತದಾ?

ಕರಾವಳಿ_ನರ್ಸ್

ಆಗುತ್ತದೆ. ತಾಲೂಕು ಆಸ್ಪತ್ರೆಯಲ್ಲಿ ಕೇಳಿ, ಹತ್ತಿರದ ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲೂ ವಿಚಾರಿಸಿ, ಆಶಾ ಕಾರ್ಯಕರ್ತೆಗೆ ಯಾವ ದಿನ ಅಂತ ಗೊತ್ತಿರುತ್ತದೆ. ಮುಟ್ಟು ನಿಂತಿದ್ದರೂ ಮಾಡಿಸಬೇಕು. ಈ ಕುತ್ತಿಗೆ ಗಂಟಿಗೂ ಆ ಪರೀಕ್ಷೆಗೂ ಸಂಬಂಧವಿಲ್ಲ ಅಂತ ಅವರಿಗೆ ಮೊದಲೇ ಬಿಡಿಸಿ ಹೇಳಿ, ಇಲ್ಲವಾದರೆ ಮತ್ತೆ ಹೆದರುತ್ತಾರೆ.